ಅಪ್ಪನಿಗೆ ಇದುವರೆಗೆ ಎಷ್ಟು ಟಿಟಿ (ಧನುರ್ವಾಯು ಅಂದರೆ ಟೆಟನಸ್ ಲಸಿಕೆ) ಆಗಿದೆ ಎಂದು ಡಾಕ್ಟರ್ ಕೇಳಿದರು, ನಮ್ಮ ಹತ್ತಿರ ಉತ್ತರ ಇರಲಿಲ್ಲ

ತೋಟದಮನೆ ಮಗಳು (ತೀರ್ಥಹಳ್ಳಿ ಕಡೆ)

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತೇನೆ, ಊರಲ್ಲಿ ವಯಸ್ಸಾದ ಅಪ್ಪ ಅಮ್ಮ ಇರುವವರು ದಯವಿಟ್ಟು ಪೂರ್ತಿ ಓದಿ.

ಹೋದ ತಿಂಗಳು ಅಪ್ಪ ತೋಟದಲ್ಲಿ ಬಸಿಗಾಲುವೆ ಬಿಡಿಸುತ್ತಿದ್ದರು. ಗುದ್ದಲಿ ಜಾರಿ ಎಡಗಾಲಿನ ಹೆಬ್ಬೆರಳ ಪಕ್ಕಕ್ಕೆ ಬಿತ್ತು. ಗಾಯ ಆಳವಾಗಿತ್ತು. ಅಡಿಕೆ ಬುಡಕ್ಕೆ ಕೊಟ್ಟಿಗೆ ಗೊಬ್ಬರ ಹಾಕಿ ಒಂದು ವಾರವೂ ಆಗಿರಲಿಲ್ಲ, ಮಳೆ ಬಂದು ನೆಲವೆಲ್ಲ ಗೊಬ್ಬರದ ಕೆಸರು. ಅಪ್ಪ ಅದೇ ಕಾಲುವೆ ನೀರಲ್ಲಿ ಕಾಲು ತೊಳೆದು, ಮನೆಗೆ ಬಂದು ಗಾಯಕ್ಕೆ ಕಾಫಿ ಪುಡಿ ಒತ್ತಿ, ಹಳೇ ಪಂಚೆ ಹರಿದು ಕಟ್ಟಿಕೊಂಡು ಮತ್ತೆ ಕೆಲಸಕ್ಕೆ ಹೋಗಿದ್ದಾರೆ. ಅಮ್ಮ ನನಗೆ ಫೋನ್ ಮಾಡಿದ್ದು ಸಂಜೆ. ನಾನು ಬೆಂಗಳೂರಿನಲ್ಲಿ. ಪಕ್ಕದ ಮನೆಯ ಅಣ್ಣ ಬೈಕಿನಲ್ಲಿ ಕೂರಿಸಿಕೊಂಡು ಹತ್ತಿರದ ಒಂದು ಕ್ಲಿನಿಕ್ಕಿಗೆ ಕರೆದುಕೊಂಡು ಹೋದರು. ನಾಲ್ಕು ಹೊಲಿಗೆ, ಒಂದು ಟಿಟಿ, "ಇನ್ನು ಆರು ತಿಂಗಳು ಯೋಚನೆ ಇಲ್ಲ" ಎಂಬ ಮಾತು. ಅಷ್ಟೇ.

ಮರುದಿನ ನಾನು ಊರಿಗೆ ಬಂದೆ. ಕಾಲು ಊದಿತ್ತು, ಡ್ರೆಸ್ಸಿಂಗ್ ಮಾಡಿಸಲು ತಾಲೂಕು ಆಸ್ಪತ್ರೆಗೆ ಹೋದೆವು. ಅಲ್ಲಿದ್ದ ಡಾಕ್ಟರ್ ಮೊದಲು ಕೇಳಿದ್ದೇ ಇದು: "ಇವರಿಗೆ ಇದುವರೆಗೆ ಒಟ್ಟು ಎಷ್ಟು ಟಿಟಿ ಆಗಿದೆ?" ಅಪ್ಪ ಹುಟ್ಟಿದ್ದು 1957ರಲ್ಲಿ. ಚಿಕ್ಕಂದಿನಲ್ಲಿ ಸಿಡುಬಿನ ದೇವಿ ಹಾಕಿಸಿದ ಗುರುತು ತೋಳಲ್ಲಿದೆ, ಅದು ಬಿಟ್ಟರೆ ಬೇರೆ ಯಾವ ಲಸಿಕೆಯೂ ಅವರಿಗೆ ನೆನಪಿಲ್ಲ. ಗಾಯವಾದಾಗಲೂ ಹಾಕಿಸಿಕೊಂಡವರಲ್ಲ. ಅಂದರೆ ಅರವತ್ತೇಳು ವರ್ಷದ ಮನುಷ್ಯನಿಗೆ ನಿನ್ನೆ ಸಂಜೆಯದೇ ಮೊದಲನೆಯದು!

ಮೊದಲ ಟಿಟಿ ಒಂದೇ ಈ ಗಾಯಕ್ಕೆ ರಕ್ಷಣೆ ಕೊಡುವುದಿಲ್ಲ ಎಂದು ಅವರು ಹೇಳಿದರು. ಲಸಿಕೆ ಹಾಕಿದ ಮೇಲೆ ಮೈ ತಾನೇ ಪ್ರತಿಕಾಯ (ರೋಗದ ವಿರುದ್ಧ ಹೋರಾಡುವ ಅಂಶ) ತಯಾರಿಸಬೇಕು, ಮೊದಲ ಸಲ ಅದು ನಿಧಾನ, ಸಾಲುವಷ್ಟು ಆಗುವುದೂ ಇಲ್ಲ. ಅದಕ್ಕೇ ಇಂಥವರಿಗೆ ತಯಾರಾಗಿರುವ ಪ್ರತಿಕಾಯವನ್ನೇ ಕೊಡಬೇಕಂತೆ, ಟೆಟನಸ್ ಇಮ್ಯುನೋಗ್ಲೋಬ್ಯುಲಿನ್ ಅಂತ. ಮೆಡಿಕಲ್ ಶಾಪಿನಿಂದ ಐಸ್ ಹಾಕಿಸಿಕೊಂಡು ತಂದೆ, ಟಿಟಿ ಹಾಕಿದ್ದ ತೋಳು ಬಿಟ್ಟು ಬೇರೆ ಕಡೆ ಹಾಕಿದರು. ನಾಲ್ಕು ವಾರಕ್ಕೆ ಎರಡನೇ ಡೋಸ್, ಅದಾದ ಮೇಲೆ ಆರು ತಿಂಗಳಿಂದ ಒಂದು ವರ್ಷದ ಒಳಗೆ ಮೂರನೆಯದು ಎಂದು ಚೀಟಿಯಲ್ಲಿ ಬರೆದುಕೊಟ್ಟರು.

ಅಪ್ಪ ಈಗ ಆರಾಮಾಗಿದ್ದಾರೆ. ಆದರೆ ಆ ಪ್ರಶ್ನೆ ನನ್ನನ್ನು ಬಿಡುತ್ತಿಲ್ಲ. ನನ್ನ ಮಗಳ ಲಸಿಕೆಯ ಒಂದೊಂದು ತಾರೀಕೂ ನನಗೆ ಬಾಯಿಪಾಠ. ದಿನಾ ಸಗಣಿ ಗೊಬ್ಬರದಲ್ಲಿ ಬರಿಗಾಲಲ್ಲಿ ಓಡಾಡುವ ಅಪ್ಪನ ಬಗ್ಗೆ ಒಂದು ದಿನವೂ ಯೋಚಿಸಿರಲಿಲ್ಲ. ನಿಮ್ಮ ಮನೆಗಳಲ್ಲಿ ಹೇಗೆ? ದೊಡ್ಡವರಿಗೆ ಮೂರೂ ಡೋಸ್ ಹಾಕಿಸಿದವರು ಯಾರಾದರೂ ಇದ್ದೀರಾ?

ಪೀಣ್ಯ ವೆಲ್ಡರ್

ಅಕ್ಕ, ನಮ್ಮದು ಉಲ್ಟಾ ಕಥೆ. ನಮ್ಮ ಫ್ಯಾಕ್ಟರಿಯಲ್ಲಿ ತಗಡು ತಾಗಿ ಸಣ್ಣದಾಗಿ ಕುಯ್ದರೂ ಸೂಪರ್‌ವೈಸರ್ ಟಿಟಿಗೆ ಕಳಿಸುತ್ತಾರೆ. ಎರಡು ವರ್ಷದಲ್ಲಿ ನನಗೆ ಐದು ಸಲ ಆಗಿದೆ. ಕೊನೆಯ ಸಲ ಭುಜದಿಂದ ಮೊಣಕೈವರೆಗೂ ಊದಿ ಕೆಂಪಾಗಿ ಮೂರು ದಿನ ಕೈ ಎತ್ತಲು ಆಗಲಿಲ್ಲ. ಇಷ್ಟು ಜಾಸ್ತಿ ಹಾಕಿಸಿಕೊಂಡರೆ ತೊಂದರೆ ಇಲ್ವಾ? ಆರು ತಿಂಗಳಿಗೆ ಒಂದು ಅನ್ನುವುದು ಸರಿನಾ?

ಮೆಡಿಸಿನ್ ಪಿಜಿ

ನಾನು ಸರ್ಕಾರಿ ಮೆಡಿಕಲ್ ಕಾಲೇಜಿನಲ್ಲಿ ಮೆಡಿಸಿನ್ ಓದುತ್ತಿದ್ದೇನೆ. ಈ ಆರು ತಿಂಗಳ ಮಾತನ್ನು ವಾರ್ಡಿನಲ್ಲಿ ದಿನಕ್ಕೆ ಹತ್ತು ಸಲ ಕೇಳುತ್ತೇನೆ. ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕದಲ್ಲೂ ಅದಿಲ್ಲ, ನಮ್ಮ ಸರ್ಕಾರದ ವೇಳಾಪಟ್ಟಿಯಲ್ಲೂ ಇಲ್ಲ.

ನಾವು ಅನುಸರಿಸುವುದು ಹೀಗೆ. ಹಿಂದೆ ಕನಿಷ್ಠ ಮೂರು ಡೋಸ್ ಸರಿಯಾಗಿ ಆದವರಿಗೆ ಸ್ವಚ್ಛವಾದ ಸಣ್ಣ ಗಾಯವಾದರೆ, ಕೊನೆಯ ಡೋಸ್ ಆಗಿ 10 ವರ್ಷ ದಾಟಿದ್ದರೆ ಮಾತ್ರ ಒಂದು ಬೂಸ್ಟರ್. ಮಣ್ಣು, ಸಗಣಿ, ಎಂಜಲು ಸೇರಿದ ಗಾಯ, ಆಳವಾಗಿ ಚುಚ್ಚಿದ್ದು, ಜಜ್ಜಿದ್ದು, ಸುಟ್ಟಿದ್ದು ಆದರೆ 5 ವರ್ಷ ದಾಟಿದ್ದರೆ ಬೂಸ್ಟರ್. ಮೂರು ಡೋಸ್ ಆಗಿಲ್ಲ ಅಥವಾ ಗೊತ್ತೇ ಇಲ್ಲ ಎನ್ನುವವರಿಗೆ ಯಾವ ಗಾಯವಾದರೂ ಲಸಿಕೆ ಕೊಡಬೇಕು. ಗಾಯ ಕೊಳಕಾಗಿದ್ದರೆ ಇಮ್ಯುನೋಗ್ಲೋಬ್ಯುಲಿನ್ ಕೂಡ ಬೇಕು, ಸಾಮಾನ್ಯವಾಗಿ 250 ಯೂನಿಟ್. ತಾಲೂಕು ಆಸ್ಪತ್ರೆಯ ಡಾಕ್ಟರ್ ಮಾಡಿದ್ದು ಇದನ್ನೇ. ಅವರು ಆ ಒಂದು ಪ್ರಶ್ನೆ ಕೇಳಿದ್ದು ಬಹಳ ದೊಡ್ಡ ವಿಷಯ.

ವೆಲ್ಡರ್ ಅಣ್ಣ, ನಿಮ್ಮ ಮೈಯಲ್ಲಿ ಈಗಾಗಲೇ ಪ್ರತಿಕಾಯ ತುಂಬಾ ಇರುತ್ತದೆ. ಅದರ ಮೇಲೆ ಮತ್ತೆ ಲಸಿಕೆ ಹೋದರೆ ಎರಡೂ ಆ ಜಾಗದಲ್ಲಿ ಸೇರಿ ತೋಳು ಹಾಗೆ ಊದುತ್ತದೆ. ಹಾಗೆ ಊದಿದವರಿಗೆ ಗಾಯವಾದಾಗಲೂ 10 ವರ್ಷ ಮತ್ತೆ ಕೊಡುವುದಿಲ್ಲ. ಐದು ಸಲದ ತಾರೀಕುಗಳನ್ನೂ, ಹೀಗೆ ಊದಿತ್ತು ಎನ್ನುವುದನ್ನೂ ಒಂದು ಹಾಳೆಯಲ್ಲಿ ಬರೆದು ಫ್ಯಾಕ್ಟರಿಯಲ್ಲಿ ಕೊಡಿ. ಮುಂದಿನ ಸಲ ಹಾಕುವ ಮೊದಲು ಡಾಕ್ಟರಿಗೂ ತೋರಿಸಿ.

ಹುಬ್ಬಳ್ಳಿ ಧಾರವಾಡ

ನಮ್ಮ ದೊಡ್ಡಪ್ಪನ ವಿಷಯ ಹೇಳಲೇಬೇಕು. ಇದನ್ನು ಬರೆಯುವಾಗಲೂ ಮೈ ಜುಂ ಅನ್ನುತ್ತದೆ.

ಹೊಲದಲ್ಲಿ ಕಾಲಿಗೆ ಜಾಲಿ ಮುಳ್ಳು ಚುಚ್ಚಿತ್ತು. ಪಿನ್ನಿನಿಂದ ಕಿತ್ತು ಒಗೆದು ಮರೆತೇ ಬಿಟ್ಟಿದ್ದರು. ರಕ್ತ ಕೂಡ ಸರಿಯಾಗಿ ಬಂದಿರಲಿಲ್ಲ. ಎಂಟೊಂಬತ್ತು ದಿನದ ಮೇಲೆ ಬೆಳಿಗ್ಗೆ ರೊಟ್ಟಿ ತಿನ್ನಲು ಕೂತರು, ಬಾಯಿ ತೆರೆಯಲಿಲ್ಲ. ದೊಡ್ಡಪ್ಪ ಗುಟ್ಕಾ ತಿನ್ನುತ್ತಿದ್ದರು, ಹಾಗಾಗಿ ಮನೆಯವರೆಲ್ಲ ಗುಟ್ಕಾದಿಂದಲೇ ಬಾಯಿ ಹಿಡಿದಿದೆ ಎಂದುಕೊಂಡರು. ಹಲ್ಲಿನ ಡಾಕ್ಟರ್ ಹತ್ತಿರ ಹೋದರು. ಅವರು ಮಾತ್ರೆ ಕೊಟ್ಟು ಕಳಿಸಿದರು. ಮಾರನೇ ದಿನ ಕುತ್ತಿಗೆ ಬಿಗಿಯಿತು, ಹೊಟ್ಟೆ ಹಲಗೆಯಂತಾಯಿತು, ನೀರು ನುಂಗಲು ಆಗಲಿಲ್ಲ. ಆಸ್ಪತ್ರೆಗೆ ಒಯ್ಯುವಾಗ ಲಾರಿ ಹಾರ್ನ್ ಹೊಡೆದರೆ ಸಾಕು, ಇಡೀ ಮೈ ಬಿಲ್ಲಿನ ಹಾಗೆ ಬೆನ್ನಿನ ಕಡೆಗೆ ಬಾಗುತ್ತಿತ್ತು. ಧನುರ್ವಾಯು ಎಂಬ ಹೆಸರು ಯಾಕೆ ಬಂತು ಎಂದು ನನಗೆ ಅವತ್ತು ಗೊತ್ತಾಯಿತು. ನೋಡಲಾಗದ ಸಂಗತಿ ಏನೆಂದರೆ ಅವರಿಗೆ ಪೂರ್ತಿ ಎಚ್ಚರವಿತ್ತು. ಎಲ್ಲ ಗೊತ್ತಾಗುತ್ತಿತ್ತು, ಕಣ್ಣಲ್ಲಿ ನೀರು ಬರುತ್ತಿತ್ತು, ಮಾತಾಡಲು ಮಾತ್ರ ಆಗುತ್ತಿರಲಿಲ್ಲ.

26 ದಿನ ಐಸಿಯು. ಗಂಟಲಿಗೆ ತೂತು ಮಾಡಿ ವೆಂಟಿಲೇಟರ್ ಹಾಕಿದ್ದರು. ದೀಪ ಕಡಿಮೆ ಮಾಡಿ, ಯಾರೂ ಜೋರಾಗಿ ಮಾತಾಡಬಾರದು ಎಂದು ಹೇಳಿದ್ದರು. ಉಳಿದರು, ಆದರೆ ಮೊದಲಿನಂತೆ ಹೊಲಕ್ಕೆ ಹೋಗಲು ಆರು ತಿಂಗಳು ಬೇಕಾಯಿತು. ಖರ್ಚಿಗೆ ಒಂದು ಎಕರೆ ಅಡ ಇಟ್ಟೆವು.

ಡಿಸ್ಚಾರ್ಜ್ ಮಾಡುವ ಮೊದಲು ನರ್ಸ್ ಲಸಿಕೆ ಹಾಕಲು ಬಂದರು. ರೋಗವೇ ಬಂದು ಹೋಯಿತಲ್ಲ, ಇನ್ಯಾಕೆ ಅಂದೆ. ಈ ರೋಗ ಬಂದು ಹೋದರೂ ಮೈಗೆ ರಕ್ಷಣೆ ಬರುವುದಿಲ್ಲ, ಮತ್ತೊಂದು ಮುಳ್ಳು ಚುಚ್ಚಿದರೆ ಮತ್ತೆ ಬರಬಹುದು ಎಂದು ಡಾಕ್ಟರ್ ಹೇಳಿದರು. ಪಿಜಿ ಸರ್, ಅದು ಹೇಗೆ? ಅಷ್ಟು ಬಿಡಿಸಿ ಹೇಳಲು ಅವರಿಗೆ ಪುರಸೊತ್ತು ಇರಲಿಲ್ಲ.

ಮೆಡಿಸಿನ್ ಪಿಜಿ

ನಿಮ್ಮ ದೊಡ್ಡಪ್ಪ ಉಳಿದಿದ್ದು ಕೇಳಿ ಸಮಾಧಾನವಾಯಿತು.

ಈ ರೋಗದ ಬ್ಯಾಕ್ಟೀರಿಯಾ ಮಣ್ಣಿನಲ್ಲಿ, ಧೂಳಿನಲ್ಲಿ, ದನ ಕುದುರೆಗಳ ಸಗಣಿ ಲದ್ದಿಯಲ್ಲಿ ಬೀಜದ ರೂಪದಲ್ಲಿ ಮಲಗಿರುತ್ತದೆ. ಸುಲಭಕ್ಕೆ ಸಾಯುವುದಿಲ್ಲ, ವರ್ಷಗಟ್ಟಲೆ ಹಾಗೇ ಇರುತ್ತದೆ. ಗಾಳಿ ಆಡದ ಜಾಗ ಸಿಕ್ಕಾಗ ಮೊಳೆಯುತ್ತದೆ. ಆಳವಾದ ಮುಳ್ಳುಗಾಯ ಅಂಥದೇ ಜಾಗ: ಮೇಲೆ ಬಾಯಿ ಮುಚ್ಚಿಕೊಂಡಿರುತ್ತದೆ, ಒಳಗೆ ಗಾಳಿ ಇಲ್ಲ. ಅಲ್ಲಿ ಅದು ಒಂದು ವಿಷ ಬಿಡುತ್ತದೆ. ಆ ವಿಷ ನರದ ಒಳಗಿನಿಂದಲೇ ಬೆನ್ನುಹುರಿಗೆ ಹೋಗಿ ಸೇರುತ್ತದೆ. ನಮ್ಮ ಸ್ನಾಯು ಬಿಗಿಯಲೂ ಒಂದು ಸೂಚನೆ ಇದೆ, ಸಡಿಲವಾಗಲೂ ಒಂದು ಸೂಚನೆ ಇದೆ. ಸಡಿಲವಾಗು ಎನ್ನುವ ಸೂಚನೆಯನ್ನು ಈ ವಿಷ ತಡೆದುಬಿಡುತ್ತದೆ. ಆಮೇಲೆ ಬಿಗಿತ ಮಾತ್ರ ಉಳಿಯುತ್ತದೆ. ಗಾಯವಾದ 3ರಿಂದ 21 ದಿನದ ಒಳಗೆ ಸಾಮಾನ್ಯವಾಗಿ ಶುರುವಾಗುತ್ತದೆ. ಮೊದಲು ಹಿಡಿಯುವುದು ದವಡೆ, ಅದಕ್ಕೇ ಎಷ್ಟೋ ಜನ ಮೊದಲು ಹಲ್ಲಿನ ಡಾಕ್ಟರ್ ಹತ್ತಿರ ಹೋಗುತ್ತಾರೆ.

ನಿಮ್ಮ ಪ್ರಶ್ನೆಗೆ ಬರುತ್ತೇನೆ. ಆ ವಿಷ ಎಷ್ಟು ತೀಕ್ಷ್ಣ ಎಂದರೆ ಮನುಷ್ಯನನ್ನು ಕೊಲ್ಲಲು ಬೇಕಾದ ಪ್ರಮಾಣ, ಮೈಗೆ ಇಂಥದೊಂದು ವಿಷ ಬಂದಿದೆ ಎಂದು ಗೊತ್ತಾಗಿ ಪ್ರತಿಕಾಯ ಕಟ್ಟಲು ಬೇಕಾದ ಪ್ರಮಾಣಕ್ಕಿಂತ ಕಡಿಮೆ. ಲಸಿಕೆಯಲ್ಲಿ ಅದೇ ವಿಷವನ್ನು ಶಕ್ತಿ ತೆಗೆದು, ಮೈಗೆ ಗುರುತು ಸಿಗುವಷ್ಟು ಕೊಡುತ್ತಾರೆ. ಫ್ರಾನ್ಸಿನಲ್ಲಿ 1924ರಲ್ಲಿ ಇದನ್ನು ಮಾಡಿದರು, ಎರಡನೇ ಮಹಾಯುದ್ಧದಲ್ಲಿ ಸೈನಿಕರಿಗೆ ದೊಡ್ಡ ಪ್ರಮಾಣದಲ್ಲಿ ಹಾಕಿದರು.

ನರಕ್ಕೆ ಒಮ್ಮೆ ಅಂಟಿದ ವಿಷವನ್ನು ಯಾವ ಔಷಧಿಯೂ ಬಿಡಿಸುವುದಿಲ್ಲ. ನರದ ಹೊಸ ತುದಿ ಬೆಳೆಯುವ ತನಕ ರೋಗಿಯನ್ನು ಉಳಿಸಿಕೊಳ್ಳಬೇಕು, ಅದಕ್ಕೇ ಅಷ್ಟು ವಾರ ಐಸಿಯು. ಇನ್ನೊಂದು ಮಾತು, ತುಕ್ಕು ಹಿಡಿದ ಮೊಳೆಯಿಂದ ಮಾತ್ರ ಇದು ಬರುತ್ತದೆ ಎನ್ನುವುದು ತಪ್ಪು. ತುಕ್ಕಿನಿಂದ ಏನೂ ಆಗುವುದಿಲ್ಲ, ಮೊಳೆಗೆ ಅಂಟಿದ ಮಣ್ಣು ಮತ್ತು ಅದು ಹೋಗುವ ಆಳ ಮುಖ್ಯ. ಗುಲಾಬಿ ಮುಳ್ಳಿನಿಂದಲೂ ಬರಬಹುದು. ಸೋರುವ ಕಿವಿಯಿಂದ, ಸಕ್ಕರೆ ಕಾಯಿಲೆಯವರ ಪಾದದ ಹುಣ್ಣಿನಿಂದ ಬರುವುದೂ ಇದೆ. ಸಕ್ಕರೆ ಕಾಯಿಲೆಯವರಿಗೆ ಪಾದದಲ್ಲಿ ನೋವೇ ಗೊತ್ತಾಗುವುದಿಲ್ಲ, ಗಾಯವಾಗಿದ್ದು ವಾರ ಬಿಟ್ಟು ಕಾಣುತ್ತದೆ. ಮನೆಯಲ್ಲಿ ಶುಗರ್ ಇರುವವರು ಇದ್ದರೆ ಗಾಯವಾಗುವ ತನಕ ಕಾಯಲೇಬೇಡಿ.

ಸಹಜ ಕೃಷಿಕ

ಎಲ್ಲರ ಅನುಭವಕ್ಕೂ ಗೌರವ ಇದೆ. ಆದರೆ ನಮ್ಮ ಅಜ್ಜ 88 ವರ್ಷ ಬದುಕಿದರು, ಒಂದು ಸೂಜಿ ಚುಚ್ಚಿಸಿಕೊಂಡವರಲ್ಲ. ಗಾಯವಾದರೆ ಅರಿಶಿನ, ಇಲ್ಲವಾದರೆ ಕಮ್ಯುನಿಸ್ಟ್ ಸೊಪ್ಪಿನ ರಸ. ಸಗಣಿಯಲ್ಲೇ ಬೆಳೆದವರಿಗೆ ಮೈಯಲ್ಲೇ ಶಕ್ತಿ ಬಂದಿರುತ್ತದೆ ಎಂದು ನನ್ನ ನಂಬಿಕೆ. ಬೇಕಿಲ್ಲದವರಿಗೂ ಲಸಿಕೆ ಹಾಕುವುದು ಯಾಕೆ?

ನಿವೃತ್ತ ನರ್ಸಮ್ಮ (ಹಾಸನ ಜಿಲ್ಲೆ)

ತಮ್ಮಾ, ನಿಮ್ಮ ಅಜ್ಜ ತುಂಬು ಬಾಳು ಬಾಳಿದ್ದು ಒಳ್ಳೆಯದೇ. ಆದರೆ ಬದುಕದೆ ಹೋದವರ ಕಥೆ ಹೇಳಲು ಅವರು ಇಲ್ಲಿಲ್ಲ. ನಾನು ನೋಡಿದ್ದನ್ನು ಹೇಳುತ್ತೇನೆ.

ನಾನು 1984ರಲ್ಲಿ ಎಎನ್‌ಎಂ (ಹಳ್ಳಿಯ ಆರೋಗ್ಯ ಸಹಾಯಕಿ) ಆಗಿ ಕೆಲಸಕ್ಕೆ ಸೇರಿದೆ. ಆಗ ಹಳ್ಳಿಯಲ್ಲಿ ಹೆರಿಗೆ ಮನೆಯಲ್ಲೇ. ಹೊಕ್ಕುಳು ಬಳ್ಳಿಯನ್ನು ಕುಡುಗೋಲಿನಿಂದಲೋ ಬಿದಿರ ಸಿಬಿರಿನಿಂದಲೋ ಕುಯ್ಯುವವರಿದ್ದರು, ಮೇಲೆ ಬೂದಿಯೋ ಸಗಣಿಯೋ ಹಚ್ಚುವವರಿದ್ದರು. ಯಾರೂ ಕೆಟ್ಟ ಮನಸ್ಸಿನಿಂದ ಮಾಡಿದ್ದಲ್ಲ, ಅವರಿಗೆ ಗೊತ್ತಿದ್ದದ್ದು ಅಷ್ಟು. ಚೆನ್ನಾಗಿ ಹಾಲು ಕುಡಿಯುತ್ತಿದ್ದ ಕೂಸು ಐದಾರು ದಿನಕ್ಕೆ ಬಾಯಿ ಬಿಗಿದುಕೊಂಡು ಮೊಲೆ ಚೀಪುವುದನ್ನೇ ನಿಲ್ಲಿಸುತ್ತಿತ್ತು. ಮುಟ್ಟಿದರೆ ಸೆಟೆಯುತ್ತಿತ್ತು. ಗ್ರಹಚಾರ, ದೃಷ್ಟಿ ಎನ್ನುತ್ತಿದ್ದರು. ನಾನು ಹೀಗೆ ಮೂರು ಕೂಸುಗಳನ್ನು ನೋಡಿದ್ದೇನೆ, ಮೂರೂ ಉಳಿಯಲಿಲ್ಲ. ಆ ತಾಯಂದಿರೆಲ್ಲ ಸಗಣಿಯಲ್ಲೇ ಬೆಳೆದವರು ತಮ್ಮಾ. ಮೈಯಲ್ಲಿ ಶಕ್ತಿ ಬಂದಿದ್ದರೆ ಅದು ಅವರ ಕೂಸಿಗೂ ಬರಬೇಕಿತ್ತು ಅಲ್ವಾ?

1985ರಲ್ಲಿ ಸಾರ್ವತ್ರಿಕ ಲಸಿಕಾ ಕಾರ್ಯಕ್ರಮ ಶುರುವಾಯಿತು. ಐಸ್ ಇರುವ ಲಸಿಕೆ ಡಬ್ಬಿ ಹೆಗಲಿಗೆ ಹಾಕಿಕೊಂಡು ನಡೆದೇ ಹೋಗುತ್ತಿದ್ದೆವು. ಆಗ ಗಾಜಿನ ಸಿರಿಂಜು. ಬರೀ ಕುದಿಸಿದರೆ ಧನುರ್ವಾಯುವಿನ ಬೀಜ ಸಾಯುತ್ತದೆ ಎಂಬ ನಂಬಿಕೆ ಇಲ್ಲ, ಅದಕ್ಕೆ ಪ್ರೆಶರ್ ಕುಕ್ಕರಿನಂಥ ಡಬ್ಬಿಯಲ್ಲಿ ಸಿರಿಂಜು ಇಟ್ಟು ಹಬೆ ಕೊಡುತ್ತಿದ್ದೆವು. ಬಸುರಿಯರಿಗೆ ಎರಡು ಟಿಟಿ, ನಡುವೆ ಒಂದು ತಿಂಗಳು. ತಾಯಿಗೆ ಹಾಕಿದರೆ ಹೊಟ್ಟೆಯಲ್ಲಿರುವ ಕೂಸಿಗೂ ರಕ್ಷಣೆ ಹೋಗುತ್ತದೆ. ಮೂವತ್ತು ವರ್ಷ ಇದನ್ನೇ ಮಾಡಿದೆವು. 2015ರಲ್ಲಿ ಭಾರತದಲ್ಲಿ ತಾಯಿ ಮತ್ತು ನವಜಾತ ಶಿಶುವಿನ ಧನುರ್ವಾಯು ನಿವಾರಣೆಯಾಗಿದೆ ಎಂದು ಘೋಷಿಸಿದಾಗ ನಾನು ಒಬ್ಬಳೇ ಕೂತು ಅತ್ತೆ. ನಿವಾರಣೆ ಎಂದರೆ ಪ್ರತಿ ಜಿಲ್ಲೆಯಲ್ಲೂ ಜೀವಂತ ಹುಟ್ಟಿದ ಸಾವಿರ ಕೂಸಿಗೆ ಒಂದಕ್ಕಿಂತ ಕಡಿಮೆ ಎಂದು. ಮಣ್ಣಿನಿಂದ ಅದು ಹೋಗಿಲ್ಲ, ಹೋಗುವುದೂ ಇಲ್ಲ.

ಆದರೆ ನನ್ನ ಮನಸ್ಸಿಗೆ ಕೊರೆಯುವ ಒಂದು ವಿಷಯ ಇದೆ. ನಾವು ಹಾಕಿದ್ದು ಬಸುರಿಯರಿಗೆ ಮತ್ತು ಮಕ್ಕಳಿಗೆ. ಆ ಮನೆಗಳ ಗಂಡಸರಿಗೆ ಯಾರು ಹಾಕಿದರು? ಅದಕ್ಕೂ ಮೊದಲೇ ಹೆತ್ತು ಮುಗಿಸಿದ್ದ ಅತ್ತೆಯರಿಗೆ? ಗೊಬ್ಬರ ಹೊರುವವರು, ಗದ್ದೆ ಉಳುವವರು ಅವರೇ. ಈಗ ಅರವತ್ತು ದಾಟಿದವರ ಹತ್ತಿರ ಯಾವ ಕಾರ್ಡೂ ಇಲ್ಲ. ತೀರ್ಥಹಳ್ಳಿ ಮಗಳೇ, ನಿಮ್ಮ ಅಪ್ಪನಂಥವರು ಊರಿಗೆ ನೂರು ಜನ ಇದ್ದಾರೆ.

ಸೊಪ್ಪು, ಅರಿಶಿನ, ಕಾಫಿ ಪುಡಿ ಗಾಯದ ಒಳಗೆ ತುಂಬಬೇಡಿ. ರಕ್ತ ನಿಲ್ಲಬಹುದು, ಆದರೆ ಗಾಯದ ಬಾಯಿ ಮುಚ್ಚಿ ಕೊಳೆ ಒಳಗೇ ಉಳಿಯುತ್ತದೆ. ನಲ್ಲಿ ನೀರು, ಸೋಪು, ಹತ್ತು ನಿಮಿಷ ಚೆನ್ನಾಗಿ ತೊಳೆಯಿರಿ. ಮಣ್ಣು, ಚೂರು ಏನಾದರೂ ಒಳಗಿದ್ದರೆ ಆಸ್ಪತ್ರೆಯಲ್ಲೇ ತೆಗೆಸಿ.

ಡಲ್ಲಾಸ್ ಕನ್ನಡತಿ

ನರ್ಸಮ್ಮ, ನಿಮ್ಮ ಬರಹ ಓದಿ ನನಗೂ ಕಣ್ಣು ತುಂಬಿತು.

ಇಲ್ಲಿ ಅಮೆರಿಕದಲ್ಲಿ ದೊಡ್ಡವರಿಗೂ 10 ವರ್ಷಕ್ಕೊಮ್ಮೆ ಹಾಕುತ್ತಾರೆ. ನನಗೆ ಬಸುರಿಯಾಗಿದ್ದಾಗ 28ನೇ ವಾರದಲ್ಲಿ ಟಿಡ್ಯಾಪ್ ಹಾಕಿದರು. ಧನುರ್ವಾಯು, ಗಂಟಲಮಾರಿ, ನಾಯಿಕೆಮ್ಮು ಮೂರಕ್ಕೂ ಸೇರಿದ್ದು. ಪ್ರತಿ ಬಸುರಿಗೂ ಹೊಸದಾಗಿ ಹಾಕುತ್ತಾರೆ.

ಬಾಣಂತನಕ್ಕೆ ಅಪ್ಪ ಅಮ್ಮ ದಾವಣಗೆರೆಯಿಂದ ಬರುವವರಿದ್ದರು. ಮಗುವನ್ನು ಎತ್ತಿಕೊಳ್ಳುವ ಅಜ್ಜ ಅಜ್ಜಿಗೂ ಕನಿಷ್ಠ ಎರಡು ವಾರ ಮೊದಲೇ ಇದು ಆಗಿರಬೇಕು ಎಂದು ಮಕ್ಕಳ ಡಾಕ್ಟರ್ ಹೇಳಿದರು. ಎರಡು ತಿಂಗಳ ಒಳಗಿನ ಕೂಸಿಗೆ ನಾಯಿಕೆಮ್ಮು ಬಂದರೆ ಜೀವಕ್ಕೇ ಅಪಾಯ, ದೊಡ್ಡವರಿಗೆ ಅದು ಬರೀ ಕೆಮ್ಮಿನಂತೆ ಬಂದು ಹೋಗುತ್ತದೆ. ಊರಲ್ಲಿ ಅಪ್ಪ ಎರಡು ಕಡೆ ಕೇಳಿದರು, "ಟಿಟಿ ಸಾಕು ಬಿಡಿ" ಎಂದು ವಾಪಸ್ ಕಳಿಸಿದರು. ಕೊನೆಗೆ ಒಂದು ಖಾಸಗಿ ಆಸ್ಪತ್ರೆಯವರು ಬೂಸ್ಟ್ರಿಕ್ಸ್ ತರಿಸಿ ಹಾಕಿದರು. ಅಡಾಸೆಲ್ ಎಂದೂ ಒಂದು ಬರುತ್ತದೆ. ಇಲ್ಲಿಗೆ ಬಾಣಂತನಕ್ಕೆ ಬರುವವರು ಟಿಕೆಟ್ ಮಾಡಿಸುವಾಗಲೇ ಇದನ್ನೂ ವಿಚಾರಿಸಿಬಿಡಿ.

ಪಿಜಿ ಡಾಕ್ಟರೇ, ಅಪ್ಪನಿಗೆ ಹಿಂದೆ ಏನೂ ಆಗಿರಲಿಲ್ಲ. ಈ ಒಂದನ್ನು ಲೆಕ್ಕಕ್ಕೆ ಹಿಡಿಯಬಹುದಾ?

ಮೆಡಿಸಿನ್ ಪಿಜಿ

ಹಿಡಿಯಬಹುದು. ಅದು ಮೊದಲನೆಯದು, ಉಳಿದ ಎರಡನ್ನು ಟಿಡಿಯಲ್ಲೇ ಮುಗಿಸಬಹುದು. ತಡವಾಗಿದ್ದರೂ ಮೊದಲಿನಿಂದ ಶುರು ಮಾಡಬೇಕಿಲ್ಲ, ಬಿಟ್ಟಲ್ಲಿಂದ ಮುಂದುವರಿಸಿದರೆ ಸಾಕು. ಇದು ಎಲ್ಲರಿಗೂ ಅನ್ವಯ.

ಟಿಟಿ, ಟಿಡಿ ಎಂದು ಗೊಂದಲ ಆಗುವವರಿಗೆ: ಸರ್ಕಾರಿ ಕೇಂದ್ರಗಳಲ್ಲಿ 2019ರ ಹೊತ್ತಿಗೆ ಟಿಟಿ ಜಾಗಕ್ಕೆ ಟಿಡಿ ಬಂತು. ಅದರಲ್ಲಿ ಧನುರ್ವಾಯುವಿನ ಜೊತೆ ಗಂಟಲಮಾರಿಗೂ ಸಣ್ಣ ಪ್ರಮಾಣ ಇದೆ. ಮಕ್ಕಳಿಗೆ ಆರು, ಹತ್ತು, ಹದಿನಾಲ್ಕನೇ ವಾರ, ಒಂದೂವರೆ ವರ್ಷದ ಹೊತ್ತಿಗೆ, ಐದು ವರ್ಷ ದಾಟಿದಾಗ, ಆಮೇಲೆ 10 ಮತ್ತು 16ನೇ ವಯಸ್ಸಿಗೆ ಟಿಡಿ. ಇಷ್ಟೂ ಆಗಿ ಕಾರ್ಡ್ ಇರುವ ಯುವಕರು ಪುಣ್ಯವಂತರು. 10 ಮತ್ತು 16ರದ್ದನ್ನು ತಪ್ಪಿಸಿಕೊಂಡವರು ಬಹಳ ಜನ, ಶಾಲೆಗೆ ಲಸಿಕೆಯವರು ಬಂದ ದಿನ ರಜೆ ಹಾಕಿದವರೆಲ್ಲ ಒಮ್ಮೆ ನೆನಪಿಸಿಕೊಳ್ಳಿ.

ಹಿಂದೆ ಈ ಲಸಿಕೆಯಿಂದ ತೀವ್ರ ಅಲರ್ಜಿ ಆಗಿದ್ದರೆ, ಅಥವಾ ಹಾಕಿದ ಆರು ವಾರದ ಒಳಗೆ ಕೈಕಾಲು ಸ್ವಾಧೀನ ತಪ್ಪಿದ್ದರೆ ಮೊದಲೇ ಹೇಳಿ. ರಕ್ತ ತೆಳು ಮಾಡುವ ಮಾತ್ರೆ ತಗೊಳ್ಳುವವರೂ ಹೇಳಿ. ಬಿಪಿ, ಶುಗರ್ ಇದ್ದರೆ ಅಡ್ಡಿ ಇಲ್ಲ. ಒಂದೆರಡು ದಿನ ತೋಳು ನೋವು, ಸ್ವಲ್ಪ ಮೈ ಬಿಸಿ ಬರಬಹುದು.

ಸಹಜ ಕೃಷಿಕ

ನರ್ಸಮ್ಮ ಹೇಳಿದ್ದನ್ನು ಎರಡು ಸಲ ಓದಿದೆ. ಅಜ್ಜನ ಒಡಹುಟ್ಟಿದವರಲ್ಲಿ ನಾಲ್ಕು ಮಕ್ಕಳು ವಾರದ ಒಳಗೇ ತೀರಿಕೊಂಡಿದ್ದರು ಎಂದು ಅಜ್ಜಿ ಹೇಳುತ್ತಿದ್ದರು. ಯಾಕೆ ಎಂದು ನಾವು ಯಾವತ್ತೂ ಕೇಳಿರಲಿಲ್ಲ. ನಮ್ಮಲ್ಲಿ ದಿನಾ ಜೀವಾಮೃತ ಕಲಸುವ ಕೆಲಸ, ಸಗಣಿ ಗಂಜಲದಲ್ಲಿ ಮೊಣಕೈವರೆಗೂ ಕೈ. ಗಾಯ ಆಗದೆ ಸುಮ್ನೆ ಹೋಗಿ ಕೇಳಿದರೆ ಪಿಎಚ್‌ಸಿಯಲ್ಲಿ ಹಾಕುತ್ತಾರಾ?

ನಿವೃತ್ತ ನರ್ಸಮ್ಮ (ಹಾಸನ ಜಿಲ್ಲೆ)

ಕೇಳಿ ನೋಡಿ ತಮ್ಮಾ. ಲಸಿಕೆ ಹಾಕುವ ದಿನ ಯಾವುದು ಎಂದು ಆಶಾ ಕಾರ್ಯಕರ್ತೆಯನ್ನು ಕೇಳಿ, ಆ ದಿನವೇ ಹೋಗಿ. ಒಬ್ಬರೇ ಹೋಗುವುದಕ್ಕಿಂತ ನಾಲ್ಕೈದು ಜನ ಒಟ್ಟಿಗೆ ಹೋದರೆ ಒಳ್ಳೆಯದು. ಸಿಸೆ ಒಡೆಯುವಾಗ ಅವರಿಗೂ ಅನುಕೂಲ, ಹತ್ತು ಡೋಸಿನ ಸಿಸೆ ಬರುತ್ತದೆ. ಅಲ್ಲಿ ಆಗದಿದ್ದರೆ ಮೆಡಿಕಲ್ ಶಾಪಿನಲ್ಲಿ ಒಂದೇ ಡೋಸಿನದು ಸಿಗುತ್ತದೆ, ಐಸ್ ಜೊತೆ ತಗೊಂಡು ಡಾಕ್ಟರ್ ಹತ್ತಿರ ಹಾಕಿಸಿಕೊಳ್ಳಿ. ಫ್ರೀಜರಿನಲ್ಲಿ ಮಾತ್ರ ಇಡಬೇಡಿ, ಹೆಪ್ಪುಗಟ್ಟಿದರೆ ಲಸಿಕೆ ಕೆಡುತ್ತದೆ.

ತಾರೀಕನ್ನು ಚೀಟಿಯಲ್ಲಿ ಬರೆದರೆ ಕಳೆದುಹೋಗುತ್ತದೆ. ರೇಷನ್ ಕಾರ್ಡ್ ಇಡುವ ಚೀಲದಲ್ಲೇ ಒಂದು ಪುಸ್ತಕ ಇಡಿ.

ತೋಟದಮನೆ ಮಗಳು (ತೀರ್ಥಹಳ್ಳಿ ಕಡೆ)

ಎಲ್ಲರಿಗೂ ತುಂಬಾ ಧನ್ಯವಾದ. ನಿನ್ನೆ ಅಪ್ಪನಿಗೆ ಎರಡನೇ ಡೋಸ್ ಆಯಿತು. ನರ್ಸಮ್ಮ ಹೇಳಿದ ಹಾಗೆ ಒಬ್ಬರನ್ನೇ ಕರೆದುಕೊಂಡು ಹೋಗಲಿಲ್ಲ. ಅವತ್ತು ಬೈಕಿನಲ್ಲಿ ಕರೆದುಕೊಂಡು ಹೋಗಿದ್ದ ಅಣ್ಣ, ಅವರ ಅಪ್ಪ, ಅಡಿಕೆ ಕೊನೆ ತೆಗೆಯಲು ಬರುವ ಇಬ್ಬರು, ಜೊತೆಗೆ ನಮ್ಮ ಅಮ್ಮ. ಅಮ್ಮನಿಗೆ ನನ್ನನ್ನು ಹೊತ್ತಾಗ ಎರಡು, ತಮ್ಮನನ್ನು ಹೊತ್ತಾಗ ಒಂದು ಆಗಿದ್ದು ನೆನಪಿತ್ತು, ತಮ್ಮನಿಗೆ ಈಗ 31. ಆ ಇಬ್ಬರಲ್ಲಿ ಒಬ್ಬರಿಗೆ 54 ವರ್ಷ, ಮೂವತ್ತು ವರ್ಷದಿಂದ ಅಡಿಕೆ ಮರ ಹತ್ತುತ್ತಿದ್ದಾರೆ, ಕೈಕಾಲು ಪೂರ್ತಿ ಹಳೇ ಗಾಯದ ಕಲೆ. ಇದುವರೆಗೆ ಒಂದೂ ಡೋಸ್ ಆಗಿರಲಿಲ್ಲ.

ಗೋಡೆಯ ಕ್ಯಾಲೆಂಡರಿನ ಹಿಂದೆ ಆರು ಹೆಸರೂ ಬರೆದು ತಾರೀಕು ಹಾಕಿದ್ದೇನೆ. ಅಪ್ಪನದು ಇನ್ನೊಂದು ಬಾಕಿ, ಅಡಿಕೆ ಕೊಯ್ಲು ಮುಗಿದ ಮೇಲೆ ಬರುತ್ತದೆ. ಮೂರನೆಯದಕ್ಕೆ ತಾನೇ ಹೋಗುತ್ತೇನೆ, ನೀನು ಬೆಂಗಳೂರಿಂದ ಬರಬೇಡ ಎಂದಿದ್ದಾರೆ. ನಾನು ಹೋಗೇ ಹೋಗುತ್ತೇನೆ.